ಅವ್ರಿಗೆ ಯಾಕಿಷ್ಟು ಅವಸರ?

ಓದುಗರ ಪ್ರಶ್ನೆ, ನನ್ನ ಉತ್ತರ. ಈ ಸಲ: ಮೂಕಿ ಕಾಲದ ಸಣ್ಣ ನಗೆ ಚಿತ್ರಗಳು

ಹೋದ ಸಂಚಿಕೆಯಲ್ಲಿ ಟೆಂಟ್ ಸಿನಿಮಾದ ಬಗ್ಗೆ ಉತ್ತರ ಬರೆಯುವಾಗ, ನನ್ನ ಟ್ರಂಕಿನಲ್ಲಿ ಚಾಪ್ಲಿನ್‌ನ ಒಂದು ರೀಲು ಇದೆ ಅಂತ ಒಂದೇ ಸಾಲು ಬರೆದಿದ್ದೆ. ಆ ಒಂದು ಸಾಲಿಗೇ ಇಷ್ಟು ಕಾಗದ ಬಂದಿವೆ. ಹೆಚ್ಚಿನವು ನಮ್ಮ ತುಮಕೂರು, ಕೋಲಾರ, ಚಿಕ್ಕಬಳ್ಳಾಪುರದ ಕಡೆಯವು. ತುಂಬಾ ಸಂತೋಷವಾಯಿತು.

ಹೊಸ ಓದುಗರಿಗೆ ನನ್ನ ಪರಿಚಯ ಇಷ್ಟು. ಊರು ತುಮಕೂರು. ಟೂರಿಂಗ್ ಟೆಂಟಿನಲ್ಲಿ ರೀಲು ಸುತ್ತುವ ಹುಡುಗನಾಗಿ ಸೇರಿದೆ, ಅಲ್ಲೇ ಆಪರೇಟರ್ ಆದೆ. ಆಮೇಲೆ ಹಳ್ಳಿ ಹಳ್ಳಿಗೆ ಹೋಗುವ ಪ್ರಚಾರದ ವ್ಯಾನಿನಲ್ಲಿ 16 ಎಂ.ಎಂ. ಅಗಲದ ಸಣ್ಣ ಫಿಲ್ಮಿನ ಪ್ರೊಜೆಕ್ಟರ್ ಓಡಿಸಿದೆ. ಜೀವನವಿಡೀ ಸಿನಿಮಾ ತೋರಿಸುವ ಕೆಲಸವೇ ಮಾಡಿದ್ದೇನೆ. ಉತ್ತರಗಳೂ ಆ ಪ್ರೊಜೆಕ್ಟರ್ ಪಕ್ಕದ ಸ್ಟೂಲಿನಿಂದಲೇ ಬರುತ್ತವೆ.

ಪ್ರಶ್ನೆ: ಮೂಕಿ ಚಿತ್ರಗಳಲ್ಲಿ ಎಲ್ಲರೂ ಕೀಲಿಗೊಂಬೆ ಥರ ಬಿರಬಿರನೆ ಓಡಾಡುತ್ತಾರೆ. ಆಗಿನ ಕ್ಯಾಮೆರಾ ಅಷ್ಟೇನಾ? ಅಥವಾ ನಗಿಸೋಕೆ ಬೇಕಂತಲೇ ಹಾಗೆ ಮಾಡ್ತಿದ್ರಾ? (ಶಿರಾ)

ಉತ್ತರ: ಸ್ವಲ್ಪ ಮಟ್ಟಿಗೆ ಬೇಕಂತಲೇ ಮಾಡುತ್ತಿದ್ದರು, ನಿಜ. ಆದರೆ ದೊಡ್ಡ ಕಾರಣ ಬೇರೆ. ಅದು ತೋರಿಸುವವರ ತಪ್ಪು. ಆ ತಪ್ಪನ್ನು ನಾನೂ ಮಾಡಿದ್ದೇನೆ. ಮೊದಲು ಅದನ್ನೇ ಹೇಳುತ್ತೇನೆ.

1970ರ ದಶಕದ ಒಂದು ಬರದ ವರ್ಷ. ಪಾವಗಡ ತಾಲ್ಲೂಕಿನ ಒಂದು ಹಳ್ಳಿ. ಶಾಲೆ ಮುಂದಿನ ಬಯಲಲ್ಲಿ ಎರಡು ಗಳ ನೆಟ್ಟು ಪರದೆ ಕಟ್ಟಿದ್ದೆವು. ಕುಟುಂಬ ಯೋಜನೆಯ ಚಿತ್ರ ಮುಗಿಯಿತು. ಜನ ಎದ್ದು ಹೋಗದಿರಲಿ ಅಂತ ನನ್ನ ಸ್ವಂತ ರೀಲು ಹಾಕಿದೆ. ಬೆಂಗಳೂರಿನ ಅವೆನ್ಯೂ ರಸ್ತೆಯಲ್ಲಿ ಹಳೇ ಸಾಮಾನಿನವನ ಹತ್ತಿರ ಕೊಂಡಿದ್ದು. ಚಾಪ್ಲಿನ್ 1916ರಲ್ಲಿ ಮಾಡಿದ 'ದಿ ಪಾನ್‌ಶಾಪ್', ಅಂದರೆ ಗಿರವಿ ಅಂಗಡಿ. ಅದರ ಅರ್ಧ ಭಾಗ. ಜನ ನಕ್ಕರು. ಮುಂದೆ ಚಾಪೆ ಹಾಸಿಕೊಂಡು ಕೂತಿದ್ದ ಒಬ್ಬ ಅಜ್ಜಿ ಮಾತ್ರ ನಗಲಿಲ್ಲ. ನನ್ನ ಕಡೆ ತಿರುಗಿ ಕೇಳಿದಳು: "ಏನಪ್ಪಾ, ಅವ್ರಿಗೆ ಯಾಕಿಷ್ಟು ಅವಸರ? ಒಸಿ ನಿಧಾನಕ್ಕೆ ಬಿಡು. ಮಕನೇ ಕಾಣಾಕಿಲ್ಲ."

ಪ್ರೊಜೆಕ್ಟರ್ ಬದಿಯಲ್ಲಿ ಒಂದು ಸಣ್ಣ ಗುಂಡಿ ಇರುತ್ತೆ. ಒಂದು ಕಡೆ 'ಸೌಂಡ್', ಇನ್ನೊಂದು ಕಡೆ 'ಸೈಲೆಂಟ್'. 'ಸೈಲೆಂಟ್' ಕಡೆ ಹಾಕಿದರೆ ರೀಲು ನಿಧಾನ ಓಡುತ್ತೆ. ಅಲ್ಲಿಯವರೆಗೆ ನಾನು ಅದನ್ನು ಮುಟ್ಟಿರಲಿಲ್ಲ. ರೀಲು ನಿಲ್ಲಿಸಿ, ಹಿಂದಕ್ಕೆ ಸುತ್ತಿ, ಗುಂಡಿಯನ್ನು 'ಸೈಲೆಂಟ್' ಕಡೆಗೆ ತಳ್ಳಿದೆ. ಮತ್ತೆ ಬಿಟ್ಟೆ.

ಆ ರೀಲಿನಲ್ಲಿ ಒಂದು ಗಡಿಯಾರದ ದೃಶ್ಯ ಇದೆ. ಒಬ್ಬ ಬಡಪಾಯಿ ಅಲಾರಂ ಗಡಿಯಾರ ತಂದು ಗಿರವಿಗೆ ಇಡುತ್ತಾನೆ. ಅಂಗಡಿ ಆಳು ಚಾಪ್ಲಿನ್ ಅದನ್ನು ಕಾಯಿಲೆ ಮಗುವಿನ ಥರ ಪರೀಕ್ಷೆ ಮಾಡುತ್ತಾನೆ. ಡಾಕ್ಟರ ಹಾಗೆ ಸ್ಟೆತಾಸ್ಕೋಪ್ ಇಟ್ಟು ಕೇಳುತ್ತಾನೆ. ಬೆರಳಿನಲ್ಲಿ ತಟ್ಟುತ್ತಾನೆ. ಡಬ್ಬ ಕೊರೆಯುವ ಕತ್ತಿಯಿಂದ ಹಿಂಬದಿ ತೆಗೆದು, ಒಳಗಿನದು ಹಳಸಿದೆಯೋ ಅಂತ ಮೂಸುತ್ತಾನೆ. ಸ್ಪ್ರಿಂಗ್ ಎಳೆದು, ಬಟ್ಟೆ ಅಂಗಡಿಯವನ ಹಾಗೆ ಅಳೆಯುತ್ತಾನೆ. ನಮ್ಮೂರಿನ ಹೂವಿನವಳು ಮೊಳ ಹಾಕುವುದೂ ಹಾಗೇ ಅಲ್ವಾ. ಕೊನೆಗೆ ಬಿಚ್ಚಿದ ಚೂರುಗಳನ್ನೆಲ್ಲ ಆ ಮನುಷ್ಯನ ಹ್ಯಾಟಿಗೇ ಗುಡಿಸಿ ಹಾಕಿ, ಗಂಭೀರವಾಗಿ ತಲೆ ಅಲ್ಲಾಡಿಸುತ್ತಾನೆ. ಆಗಲ್ಲ, ಇದಕ್ಕೆ ದುಡ್ಡು ಕೊಡೋಕಾಗಲ್ಲ.

ಬರದ ವರ್ಷ ಅಂದೆನಲ್ಲ. ಆ ಬಯಲಲ್ಲಿ ಕೂತಿದ್ದ ಮನೆ ಮನೆಯವರಿಗೂ ಗಿರವಿ ಅಂಗಡಿ ಗೊತ್ತಿತ್ತು. ಓಲೆ ಇಟ್ಟವರು, ತಾಮ್ರದ ಹಂಡೆ ಇಟ್ಟವರು. ಸೇಠು ವಸ್ತುವನ್ನು ತಿರುಗಿಸಿ ಮುರುಗಿಸಿ ನೋಡಿ ತಲೆ ಅಲ್ಲಾಡಿಸುವುದು ಅವರಿಗೆ ಗೊತ್ತಿತ್ತು. ಮೊದಲ ಸಲ ಓಡಿಸಿದಾಗ ಆ ತಲೆ ಅಲ್ಲಾಡಿಸುವುದು ಯಾರಿಗೂ ಕಂಡೇ ಇರಲಿಲ್ಲ, ಅಷ್ಟು ಬೇಗ ಹೋಗಿಬಿಟ್ಟಿತ್ತು. ಎರಡನೇ ಸಲ ಕಂಡಿತು. ಆಗ ಬಂದ ನಗು ಬೇರೆಯೇ. ಹೊಟ್ಟೆಯೊಳಗಿಂದ ಬಂತು. ಅಜ್ಜಿ ಸೆರಗಿನಲ್ಲಿ ಕಣ್ಣು ಒರೆಸಿಕೊಂಡಳು.

ಈಗ ಲೆಕ್ಕ ಕೇಳಿ. ಆ ಕಾಲದಲ್ಲಿ ಕ್ಯಾಮೆರಾಗೆ ಮೋಟಾರ್ ಇರಲಿಲ್ಲ, ಕೈಯಲ್ಲಿ ತಿರುಗಿಸುವ ಹ್ಯಾಂಡಲ್ ಇತ್ತು. ಒಂದು ಸುತ್ತಿಗೆ 8 ಚೌಕ, ಅಂದರೆ ಫಿಲ್ಮಿನ ಮೇಲಿನ 8 ಬಿಡಿ ಚಿತ್ರ. ಸೆಕೆಂಡಿಗೆ 2 ಸುತ್ತು. ಅಲ್ಲಿಗೆ 16 ಚೌಕ ಆಯಿತು. ಟಾಕಿ ಬಂದ ಮೇಲೆ ಸದ್ದು ಸರಿಯಾಗಿ ಕೇಳಬೇಕಲ್ಲ, ಅದಕ್ಕೆ ಸೆಕೆಂಡಿಗೆ 24 ಅಂತ ನಿಗದಿ ಮಾಡಿದರು. 16ರಲ್ಲಿ ತೆಗೆದದ್ದನ್ನು 24ರಲ್ಲಿ ಓಡಿಸಿದರೆ ಒಂದೂವರೆ ಪಟ್ಟು ವೇಗ. 35 ಎಂ.ಎಂ. ದೊಡ್ಡ ಫಿಲ್ಮಿನ 1,000 ಅಡಿ ರೀಲಿನಲ್ಲಿ 16,000 ಚೌಕ ಇರುತ್ತವೆ. 16ರಲ್ಲಿ ಅದು 16 ನಿಮಿಷ 40 ಸೆಕೆಂಡ್ ಓಡುತ್ತೆ. 24ರಲ್ಲಿ 11 ನಿಮಿಷಕ್ಕೇ ಮುಗಿದುಹೋಗುತ್ತೆ. ಆ ಐದೂವರೆ ನಿಮಿಷ ಎಲ್ಲಿಗೆ ಹೋಯಿತು? ನಟನ ಮುಖದಿಂದ ಹೋಯಿತು.

16 ಅನ್ನುವುದು ಶಾಸನವೇನಲ್ಲ. 18ರಲ್ಲಿ, 20ರಲ್ಲಿ ಚೆನ್ನಾಗಿ ಕಾಣುವ ಚಿತ್ರಗಳೂ ಇವೆ. ಪೊಲೀಸರು ಅಟ್ಟಿಸಿಕೊಂಡು ಬರುವ ಕಡೆ ಕ್ಯಾಮೆರಾದವನು ಬೇಕಂತಲೇ ಹ್ಯಾಂಡಲನ್ನು ನಿಧಾನ ತಿರುಗಿಸುತ್ತಿದ್ದ. ಹಾಗೆ ತೆಗೆದರೆ ಪರದೆ ಮೇಲೆ ಓಟ ಜೋರಾಗುತ್ತೆ. ಅದು ಲೆಕ್ಕ ಹಾಕಿ ಮಾಡಿದ ಜೋರು. 1930ರ ದಶಕದಲ್ಲಿ ಚಾಪ್ಲಿನ್‌ನ ಹಳೇ ಸಣ್ಣ ಚಿತ್ರಗಳಿಗೆ ಸಂಗೀತ, ಸದ್ದು ಸೇರಿಸಿ ಟಾಕಿ ವೇಗದಲ್ಲಿ ಮತ್ತೆ ಬಿಡುಗಡೆ ಮಾಡಿದರು. ಟಿ.ವಿ.ಯಲ್ಲಿ ನಾವು ಬಹಳ ಕಾಲ ನೋಡಿದ್ದು ಅಂಥವನ್ನೇ.

ವೇಗ ಸರಿ ಇದೆಯಾ ಅಂತ ತಿಳಿಯುವುದು ಸುಲಭ. ಮನುಷ್ಯರನ್ನು ನೋಡಬೇಡಿ. ಬೀಳುವ ತಟ್ಟೆ ನೋಡಿ, ಬಕೆಟ್ಟಿನಿಂದ ಚೆಲ್ಲುವ ನೀರು ನೋಡಿ, ಹೊಗೆ ನೋಡಿ. ನಟ ಬೇಕಾದರೆ ಅವಸರ ಮಾಡಬಹುದು, ನೀರು ಮಾಡುವುದಿಲ್ಲ. ಫೋನಿನಲ್ಲಿ ನೋಡುವಾಗ ನೀರು ಅವಸರದಲ್ಲಿ ಬಿದ್ದರೆ, ವೇಗವನ್ನು 0.75ಕ್ಕೆ ಇಳಿಸಿ. 24ರ ಮುಕ್ಕಾಲು 18. ದಯವಿಟ್ಟು ಒಮ್ಮೆ ಹಾಗೆ ನೋಡಿ, ನಿಮ್ಮ ಮನೆಯವರಿಗೂ ತೋರಿಸಿ.

ಪ್ರಶ್ನೆ: ಅಷ್ಟೆಲ್ಲ ಬೀಳ್ತಾರಲ್ಲ, ನಿಜವಾಗಿ ಬೀಳ್ತಿದ್ರಾ? ಪೆಟ್ಟು ಆಗ್ತಿರಲಿಲ್ವಾ? (ಮುಳಬಾಗಿಲು)

ಉತ್ತರ: ನಿಜವಾಗಿಯೇ ಬೀಳುತ್ತಿದ್ದರು. ಪೆಟ್ಟೂ ಆಗುತ್ತಿತ್ತು.

ಮೂಕಿ ಕಾಲದ ನಗೆ ನಟ ಬಸ್ಟರ್ ಕೀಟನ್ ಹೆಸರು ಕೇಳಿರಬಹುದು. 1895ರಲ್ಲಿ ಹುಟ್ಟಿದವನು. ಅಪ್ಪ ಅಮ್ಮ ಇಬ್ಬರೂ ಊರೂರು ತಿರುಗುವ ಆಟದವರು. ಇವನು ಎಳೆಯ ಮಗುವಾಗಿದ್ದಾಗಲೇ ಅಪ್ಪ ರಂಗದ ಮೇಲೆ ಇವನನ್ನು ಎತ್ತಿ ಎಸೆಯುತ್ತಿದ್ದ. ನಮ್ಮ ದೊಂಬರ ಮಕ್ಕಳನ್ನು ನೆನೆಸಿಕೊಳ್ಳಿ, ಆ ಥರದ ಪಳಗಿಸುವಿಕೆ. ಬಿದ್ದು ಎದ್ದವನು ನಕ್ಕರೆ ನೋಡುವವರು ನಗುವುದಿಲ್ಲ, ಸುಮ್ಮನೆ ಗಂಭೀರವಾಗಿದ್ದರೆ ನಗುತ್ತಾರೆ ಅನ್ನುವುದನ್ನು ಆ ವಯಸ್ಸಿಗೇ ಕಲಿತ. ಅದಕ್ಕೇ ಅವನ ಮುಖ ಕೊನೆಯವರೆಗೂ ಕಲ್ಲಿನ ಹಾಗೆ.

ಅವನ ಒಂದು ಆಟವನ್ನು ವರ್ಷ ವರ್ಷ ಹಿಂಬಾಲಿಸಿ ನೋಡಿದರೆ ಅವನ ಕೆಲಸ ಅರ್ಥವಾಗುತ್ತೆ. ಗೋಡೆ ಬೀಳುತ್ತೆ, ಕೆಳಗೆ ಮನುಷ್ಯ ನಿಂತಿದ್ದಾನೆ, ಕಿಟಕಿಯ ಜಾಗ ಸರಿಯಾಗಿ ಅವನ ಮೇಲೆ ಬಂದು ಅವನು ಉಳಿಯುತ್ತಾನೆ. 1919ರಲ್ಲಿ ಇನ್ನೊಬ್ಬ ನಗೆ ನಟ ರಾಸ್ಕೋ ಅರ್ಬಕಲ್ ಜೊತೆ ಮಾಡಿದ 'ಬ್ಯಾಕ್ ಸ್ಟೇಜ್'ನಲ್ಲಿ ಅದು ಬರೀ ನಾಟಕದ ಪರದೆ, ಬೀಳುವುದು ಅರ್ಬಕಲ್ ಮೇಲೆ. 1920ರ 'ಒನ್ ವೀಕ್'ನಲ್ಲಿ ಅದು ಹೊಸ ಮನೆಯ ಗೋಡೆ, ಈಗ ಕೆಳಗಿರುವವನು ಕೀಟನ್. 1928ರ 'ಸ್ಟೀಮ್‌ಬೋಟ್ ಬಿಲ್, ಜೂನಿಯರ್' ದೊಡ್ಡ ಚಿತ್ರ. ಅದರಲ್ಲಿ ಬೀಳುವುದು ಎರಡಂತಸ್ತಿನ ಮನೆಯ ಭಾರವಾದ ಮುಂಗೋಡೆ. ತಲೆ, ಭುಜದ ಸುತ್ತ ಉಳಿದ ಜಾಗ ಕೆಲವೇ ಅಂಗುಲ. ನಿಂತ ಜಾಗದಿಂದ ಸ್ವಲ್ಪ ಅತ್ತಿತ್ತ ಸರಿದಿದ್ದರೆ ಮುಗಿಯುತ್ತಿತ್ತು. ಒಂದೇ ಆಟ. ಅದನ್ನು ಪಕ್ವ ಮಾಡಲು ಒಂಬತ್ತು ವರ್ಷ. ನಾನು ಎಷ್ಟು ಸಲ ನೋಡಿದರೂ ಆ ಗೋಡೆ ಬೀಳುವಾಗ ನನ್ನ ಕಾಲ ಬೆರಳು ಮಡಚಿಕೊಳ್ಳುತ್ತವೆ.

1924ರ 'ಶರ್ಲಾಕ್ ಜೂನಿಯರ್'ನಲ್ಲಿ ರೈಲ್ವೆ ನೀರಿನ ಟ್ಯಾಂಕಿನ ಕೊಳವೆಗೆ ಜೋತುಬೀಳುತ್ತಾನೆ. ನೀರು ಧೋ ಅಂತ ಸುರಿದು ಅವನನ್ನು ಹಳಿಯ ಮೇಲೆ ಕೆಡವಿತು. ಆಗ ಬರೀ ತಲೆನೋವು ಅಂದುಕೊಂಡ. ಕುತ್ತಿಗೆ ಮೂಳೆ ಮುರಿದಿತ್ತು ಅಂತ ಡಾಕ್ಟರಿಗೆ ಗೊತ್ತಾದದ್ದು ಎಷ್ಟೋ ವರ್ಷದ ಮೇಲೆ.

ಕನ್ನಡಕದ ನಗೆ ನಟ ಹ್ಯಾರಲ್ಡ್ ಲಾಯ್ಡ್ ಕಥೆ ಇನ್ನೂ ಕಷ್ಟದ್ದು. 1919ರ ಆಗಸ್ಟ್‌ನಲ್ಲಿ ಫೋಟೋ ತೆಗೆಸಿಕೊಳ್ಳಲು ಹುಸಿ ಬಾಂಬ್ ಅಂತ ಕೈಗೆ ಕೊಟ್ಟದ್ದು ನಿಜವಾಗಿ ಸಿಡಿಯಿತು. ಬಲಗೈಯ ಹೆಬ್ಬೆರಳು, ತೋರುಬೆರಳು ಹೋದವು. 1923ರ 'ಸೇಫ್ಟಿ ಲಾಸ್ಟ್!'ನಲ್ಲಿ ಗಡಿಯಾರದ ಮುಳ್ಳಿಗೆ ನೇತಾಡುವುದು ಆ ಕೈಯಲ್ಲೇ. ಕೃತಕ ಬೆರಳಿರುವ ಗವಸು ಹಾಕಿಕೊಂಡಿದ್ದ. ಅಲ್ಲಿ ಒಂದು ಉಪಾಯ ಇತ್ತು. ಎತ್ತರದ ಕಟ್ಟಡದ ತಾರಸಿ ಮೇಲೆ ಹುಸಿ ಗೋಡೆ ಕಟ್ಟಿ, ಕೆಳಗೆ ಹಾಸಿಗೆ ಹಾಕಿದ್ದರು. ಹಿಂದೆ ಕಾಣುವ ರಸ್ತೆ ಮಾತ್ರ ನಿಜ.

ಪ್ರಶ್ನೆ: ಮುಖಕ್ಕೆ ಎಸೆಯುತ್ತಾರಲ್ಲ ಬಿಳಿ ಬಿಳಿ, ಅದೇನು ಮೊಸರಾ? (ಮಧುಗಿರಿ)

ಉತ್ತರ: ಅದು ಪೈ. ಹಿಟ್ಟಿನ ತಟ್ಟೆಯೊಳಗೆ ಕಸ್ಟರ್ಡ್ ಅಥವಾ ಹಣ್ಣು ತುಂಬಿ, ಮೇಲೆ ಕೆನೆ ಹಾಕಿ ಮಾಡುವ ಸಿಹಿ. ಕಪ್ಪು ಬಿಳುಪಿನಲ್ಲಿ ಚೆನ್ನಾಗಿ ಕಾಣಬೇಕಲ್ಲ, ಅದಕ್ಕೆ ಹೊಂಬಣ್ಣದ ಕೂದಲಿನವರಿಗೆ ಕಪ್ಪು ಹಣ್ಣಿನದು, ಕಪ್ಪು ಕೂದಲಿನವರಿಗೆ ಬಿಳಿಯದು. ಎಸೆಯುವಾಗ ಕೈಯಲ್ಲೇ ಪುಡಿಯಾಗಬಾರದು ಅಂತ ತಳ ಗಟ್ಟಿ ಮಾಡುತ್ತಿದ್ದರು. ಮೂಕಿ ಕಾಲದ ಇಂಥ ಎಸೆದಾಟದಲ್ಲಿ ಎಲ್ಲಕ್ಕಿಂತ ದೊಡ್ಡದು 1927ರಲ್ಲಿ ಬಂದ ಲಾರೆಲ್ ಹಾರ್ಡಿ ಚಿತ್ರ 'ದಿ ಬ್ಯಾಟಲ್ ಆಫ್ ದಿ ಸೆಂಚುರಿ'. ಸುಮಾರು 3,000 ಪೈ ಅಂತ ಹೇಳುತ್ತಾರೆ. ಆ ಎರಡನೇ ರೀಲು ಬಹಳ ವರ್ಷ ಕಳೆದುಹೋಗಿತ್ತು. 2015ರಲ್ಲಿ ಸಿಕ್ಕಿತು, ಅದೂ ಒಬ್ಬರ ಸಂಗ್ರಹದಲ್ಲಿದ್ದ 16 ಎಂ.ಎಂ. ಪ್ರತಿಯಲ್ಲಿ. ಆ ಸುದ್ದಿ ಓದಿದ ದಿನ ನಾನು ನನ್ನ ಟ್ರಂಕನ್ನು ಇನ್ನೊಂದು ಸಲ ಪೂರ್ತಿ ಖಾಲಿ ಮಾಡಿ ನೋಡಿದೆ.

ಪ್ರಶ್ನೆ: ಇವುಗಳಲ್ಲಿ ಬರೀ ಹೊಡೆದಾಟ, ಒದೆತ. ಮಕ್ಕಳು ನೋಡಿ ಅದನ್ನೇ ಕಲಿಯುತ್ತಾರೆ. ಬೇರೆಯವರ ನೋವಿಗೆ ನಗುವುದು ಸರಿಯಾ? ನೀವು ಇದನ್ನು ಹೊಗಳುವುದು ನನಗೆ ಇಷ್ಟವಾಗಲಿಲ್ಲ. (ಚಿಕ್ಕಬಳ್ಳಾಪುರ)

ಉತ್ತರ: ನೇರವಾಗಿ ಬರೆದಿದ್ದೀರಿ, ನನಗೆ ಹಿಡಿಸಿತು. ಬಿದ್ದು, ಒದ್ದು ನಗಿಸುವ ಈ ಆಟಕ್ಕೆ ಇಂಗ್ಲಿಷಿನಲ್ಲಿರುವ ಸ್ಲ್ಯಾಪ್‌ಸ್ಟಿಕ್ ಅನ್ನುವ ಹೆಸರೇ ಹೊಡೆತದಿಂದ ಬಂದಿದೆ. ಇಟಲಿಯ ಹಳೇ ಬಯಲು ನಾಟಕಗಳಲ್ಲಿ ಎರಡು ತೆಳು ಮರದ ಪಟ್ಟಿ ಜೋಡಿಸಿದ ಒಂದು ಕೋಲು ಇರುತ್ತಿತ್ತು. ಮೆಲ್ಲಗೆ ತಾಗಿಸಿದರೂ ಎರಡು ಪಟ್ಟಿ ಒಂದಕ್ಕೊಂದು ಬಡಿದು 'ಚಟಾರ್' ಅಂತ ಸದ್ದು. ನೋವು ಕಡಿಮೆ, ಸದ್ದು ಜಾಸ್ತಿ. ನಮ್ಮ ತೊಗಲುಬೊಂಬೆ ಆಟದಲ್ಲಿ ಕಿಳ್ಳೇಕ್ಯಾತ, ಬಂಗಾರಕ್ಕ ಬಂದು ಬೈದಾಡಿ ಬಡಿದಾಡಿ ಹೋಗುತ್ತಾರಲ್ಲ, ಅದೂ ಇದೇ ಜಾತಿಯದು. ಆ ಆಟ ನೋಡಿ ಬೆಳೆದ ನಮ್ಮ ಹಿರಿಯರು ಯಾರೂ ಹೊಡೆದಾಟ ಕಲಿಯಲಿಲ್ಲ.

ಆದರೂ ನಿಮ್ಮ ಮಾತಿನಲ್ಲಿ ಹುರುಳಿದೆ. ಮ್ಯಾಕ್ ಸೆನೆಟ್ 1912ರಲ್ಲಿ ಶುರು ಮಾಡಿದ ಕೀಸ್ಟೋನ್ ಕಂಪನಿಯ ಎಷ್ಟೋ ಚಿತ್ರಗಳು ಬರೀ ಒದೆತವೇ. ಎರಡು ನೋಡಿದರೆ ಮೂರನೆಯದು ನನಗೂ ಬೇಸರ. 1913ರ ಕೊನೆಗೆ ಅಲ್ಲಿಗೆ ಬಂದ ಚಾಪ್ಲಿನ್ 1914ರಲ್ಲಿ ಮಾಡಿದ 36 ಚಿತ್ರಗಳಲ್ಲೂ ಅಂಥವು ಬೇಕಾದಷ್ಟಿವೆ. ಒಳ್ಳೆಯದನ್ನು ಗುರುತಿಸಲು ನಾನು ಒಂದೇ ವಿಷಯ ನೋಡುತ್ತೇನೆ: ಪೆಟ್ಟು ಯಾರಿಗೆ ಬೀಳುತ್ತೆ? 1917ರ 'ಈಸಿ ಸ್ಟ್ರೀಟ್'ನಲ್ಲಿ ಇಡೀ ಬೀದಿಯನ್ನು ಹೆದರಿಸುವ ಒಬ್ಬ ದಾಂಡಿಗ ಇದ್ದಾನೆ. ತನ್ನ ಶಕ್ತಿ ತೋರಿಸಲು ಗ್ಯಾಸ್ ದೀಪದ ಕಂಬವನ್ನೇ ಬಗ್ಗಿಸುತ್ತಾನೆ. ಪುಟ್ಟ ಪೊಲೀಸ್ ಚಾಪ್ಲಿನ್ ಆ ದೀಪವನ್ನೇ ಅವನ ತಲೆಗೆ ಟೋಪಿ ಹಾಗೆ ಹಾಕಿ, ಗ್ಯಾಸ್ ಬಿಟ್ಟು ಮಲಗಿಸುತ್ತಾನೆ. ಅಲ್ಲಿ ನಾವು ನಗುವುದು ನೋವಿಗಲ್ಲ. ಸಣ್ಣವನೊಬ್ಬ ಬದುಕಿಕೊಂಡನಲ್ಲ ಅಂತ.

ಲಾರೆಲ್ ಹಾರ್ಡಿಯವರದು ಇನ್ನೊಂದು ಥರ. 1929ರ 'ಬಿಗ್ ಬಿಸಿನೆಸ್' ನೋಡಿ. ಕ್ರಿಸ್‌ಮಸ್ ಮರ ಮಾರಲು ಹೋದವರಿಗೂ ಮನೆಯವನಿಗೂ ಜಗಳ. ಅವನು ಇವರ ಮರ ಕತ್ತರಿಸುತ್ತಾನೆ, ಇವರು ಅವನ ಬಾಗಿಲು ಕೀಳುತ್ತಾರೆ. ಒಬ್ಬ ಹಾಳು ಮಾಡುವಾಗ ಇನ್ನೊಬ್ಬ ಕೈಕಟ್ಟಿ ನಿಂತು ಕಾಯುತ್ತಾನೆ, ತನ್ನ ಸರದಿ ಬರಲಿ ಅಂತ. ಕೊನೆಗೆ ಮನೆಯೂ ಇಲ್ಲ, ಕಾರೂ ಇಲ್ಲ. ಬದುವಿನ ಜಗಳಕ್ಕೆ ಕೋರ್ಟಿಗೆ ಅಲೆದು ಜಮೀನನ್ನೇ ಕಳೆದುಕೊಂಡ ಅಣ್ಣ ತಮ್ಮಂದಿರನ್ನು ನಾನು ಕೊರಟಗೆರೆ ಕಡೆ ಕಣ್ಣಾರೆ ಕಂಡಿದ್ದೇನೆ. ನಿಮ್ಮ ಮಕ್ಕಳ ಪಕ್ಕ ಕೂತು ಇದನ್ನೊಂದು ನೋಡಿ. ಆಮೇಲೂ ಇಷ್ಟವಾಗದಿದ್ದರೆ ನನಗೆ ಬರೆಯಿರಿ, ಖಂಡಿತ ಹಾಕುತ್ತೇನೆ.

ಪ್ರಶ್ನೆ: ಎಲ್ಲಾ ಹೆಸರೂ ಗಂಡಸರದ್ದೇ. ಹೆಂಗಸರು ಯಾರೂ ನಗಿಸಲಿಲ್ಲವಾ ಸಾರ್? (ಗುಬ್ಬಿ, ಕಾಲೇಜು ವಿದ್ಯಾರ್ಥಿನಿ)

ಉತ್ತರ: ನಗಿಸಿದರಮ್ಮ. ಮೇಬಲ್ ನಾರ್ಮಂಡ್ ಹೆಸರು ಬರೆದಿಟ್ಟುಕೋ. ಕೀಸ್ಟೋನ್ ಶುರುವಾದಾಗಿನಿಂದ ಆಕೆಯೇ ಅಲ್ಲಿನ ದೊಡ್ಡ ತಾರೆ. ನಟಿಸುವುದಷ್ಟೇ ಅಲ್ಲ, ನಿರ್ದೇಶನವನ್ನೂ ಮಾಡುತ್ತಿದ್ದಳು. ಚಾಪ್ಲಿನ್ ಹೊಸದಾಗಿ ಬಂದಾಗ, 1914ರ 'ಮೇಬಲ್ ಅಟ್ ದಿ ವೀಲ್' ಚಿತ್ರದಲ್ಲಿ ಅವನಿಗೆ ಹೇಳಿಕೊಡುವ ಜಾಗದಲ್ಲಿ ಆಕೆ ಇದ್ದಳು. ತನಗಿಂತ ಚಿಕ್ಕ ಹುಡುಗಿ ನಿರ್ದೇಶನ ಮಾಡುವುದು ಅವನಿಗೆ ಹಿಡಿಸಲಿಲ್ಲ, ಜಗಳವಾಯಿತು. ಆಮೇಲೆ ಇಬ್ಬರೂ ಸೇರಿ ಒಳ್ಳೊಳ್ಳೆ ಚಿತ್ರ ಮಾಡಿದರು. ಕ್ಷಯದಿಂದ 1930ರಲ್ಲಿ ತೀರಿಕೊಂಡಳು. ಚಾಪ್ಲಿನ್ ಹೆಸರು ಮನೆ ಮನೆಗೆ ಗೊತ್ತು, ಆಕೆಯದು ಯಾರಿಗೂ ಗೊತ್ತಿಲ್ಲ. ಇದು ನನಗೆ ಬೇಸರದ ವಿಷಯ. 'ಒನ್ ವೀಕ್'ನಲ್ಲಿ ಕೀಟನ್ ಹೆಂಡತಿಯಾಗಿ ಬರುವ ಸಿಬಿಲ್ ಸೀಲಿಯನ್ನೂ ನೋಡು. ಗಂಡ ಹೆಂಡತಿ ಇಬ್ಬರೂ ಸೇರಿ ಮನೆ ಕಟ್ಟುತ್ತಾರೆ. ಆಕೆ ಸುಮ್ನೆ ನಿಂತು ನೋಡುವವಳಲ್ಲ.

ಪ್ರಶ್ನೆ: ನಮ್ಮ ತಾತ ಗಣಿಯಲ್ಲಿ ಕೆಲಸ ಮಾಡ್ತಿದ್ರು. ಮೂಕಿ ಚಿತ್ರಕ್ಕೆ ಪಕ್ಕದಲ್ಲಿ ಕೂತು ಪೇಟಿ ಬಾರಿಸ್ತಿದ್ರು ಅಂತ ಹೇಳೋರು. ಮೂಕಿ ಅಂದ್ಮೇಲೆ ಸದ್ದು ಯಾಕೆ? (ಕೆ.ಜಿ.ಎಫ್.)

ಉತ್ತರ: ತಾತ ಹೇಳಿದ್ದು ನಿಜ. ಚಿತ್ರ ಮೂಕಿ, ಆಟ ಮೂಕಿಯಲ್ಲ. ಅಮೆರಿಕದ ಸಣ್ಣ ಊರಿನಲ್ಲಿ ಪಿಯಾನೋ, ದೊಡ್ಡ ಊರಿನಲ್ಲಿ ಆರ್ಗನ್ ಅಥವಾ ಪೂರ್ತಿ ವಾದ್ಯಗೋಷ್ಠಿ. ನಮ್ಮ ದೇಶದಲ್ಲಿ ಹಾರ್ಮೋನಿಯಂ, ತಬಲ. ಪರದೆ ಮೇಲಿನ ಬರಹ ಓದಲು ಬಾರದವರಿಗೆ ಗಟ್ಟಿಯಾಗಿ ಓದಿ ಹೇಳುವವರೂ ಇರುತ್ತಿದ್ದರು. ನಟ ಬಿದ್ದ ಕ್ಷಣಕ್ಕೇ ತಬಲದವನು 'ಧಡ್' ಅನ್ನಿಸಬೇಕು. ಅರ್ಧ ಸೆಕೆಂಡ್ ತಡವಾದರೂ ನಗು ಹೋಯಿತು. ನಾಟಕದಲ್ಲಿ ಮೃದಂಗದವರು ಹಾಸ್ಯಗಾರನ ಹೆಜ್ಜೆ ಕಾಯುವ ಹಾಗೆ.

ನಿಮ್ಮೂರಿನ ಬಗ್ಗೆ ಒಂದು ಮಾತು ಸೇರಿಸಬೇಕು. ನಮ್ಮ ಪ್ರೊಜೆಕ್ಟರ್ ಓಡಲು ಕರೆಂಟ್ ಬೇಕು. ಶಿವನಸಮುದ್ರದಿಂದ ನಿಮ್ಮ ಗಣಿಗೆ ಕರೆಂಟ್ ಬಂದದ್ದು 1902ರಲ್ಲಿ. ನಾನು ಟೆಂಟಿನಲ್ಲಿದ್ದಾಗ ಎಷ್ಟೋ ಊರುಗಳಲ್ಲಿ ಜನರೇಟರ್ ಹೊತ್ತುಕೊಂಡೇ ಹೋಗುತ್ತಿದ್ದೆವು.

ಪ್ರಶ್ನೆ: ನಮ್ಮಲ್ಲಿ ಇಂಥ ಚಿತ್ರ ಬರಲೇ ಇಲ್ಲವೇ? (ತಿಪಟೂರು)

ಉತ್ತರ: ನೀವೇ ಕೇಳಬೇಕಾ! ಮೊದಲು ದೇಶದ ಮಾತು. 1913ರಲ್ಲಿ 'ರಾಜಾ ಹರಿಶ್ಚಂದ್ರ' ಮಾಡಿದ ಫಾಲ್ಕೆಯವರು 'ಪಿಠಾಚೆ ಪಂಜೆ' ಅಂತ ಒಂದು ಸಣ್ಣ ನಗೆ ಚಿತ್ರವನ್ನೂ ಮಾಡಿದ್ದರು. ಪುರಾಣದ ದೊಡ್ಡ ಚಿತ್ರದ ಜೊತೆ ಇದೊಂದು ತುಣುಕು.

ನಮ್ಮ ಜಿಲ್ಲೆಯ ನಗು ಬೆಳೆದದ್ದು ಪರದೆ ಮೇಲಲ್ಲ, ನಾಟಕದ ಕಂಪನಿಯಲ್ಲಿ. 1884ರಲ್ಲಿ ಶುರುವಾದ ಗುಬ್ಬಿ ಕಂಪನಿಗೆ ವೀರಣ್ಣನವರು ಹುಡುಗನಾಗಿ ಸೇರಿ, ಹಾಸ್ಯದ ಪಾತ್ರಗಳಿಂದಲೇ ಹೆಸರು ಮಾಡಿದರು. 'ಸದಾರಮೆ'ಯ ಕಳ್ಳನ ಪಾತ್ರ ನೋಡಿದವರು ಅದನ್ನು ಸಾಯುವ ತನಕ ಹೇಳಿಕೊಂಡು ನಕ್ಕರು. ಮೂಕಿ ಚಿತ್ರಗಳಿಗೂ ಅವರು ಕೈ ಹಾಕಿದ್ದರು. ಆಮೇಲೆ ನಿಮ್ಮ ತಿಪಟೂರಿನಲ್ಲೇ 1923ರಲ್ಲಿ ಹುಟ್ಟಿದ ನರಸಿಂಹರಾಜು. ಅವರ ಚಿತ್ರ ಹಾಕಿದಾಗ ನಾನು ಒಮ್ಮೊಮ್ಮೆ ಪ್ರೊಜೆಕ್ಟರ್ ಕೋಣೆಯ ಸ್ಪೀಕರ್ ಪೂರ್ತಿ ಇಳಿಸಿ, ಕಿಂಡಿಯಲ್ಲಿ ಬರೀ ಅವರನ್ನು ನೋಡುತ್ತಿದ್ದೆ. ಮಾತಿಲ್ಲದೆಯೂ ನಗು ಬರುತ್ತಿತ್ತು. ಆ ಕತ್ತು ಚಾಚುವುದು, ಹೆದರಿ ಮೊಣಕಾಲು ಒಂದಕ್ಕೊಂದು ಬಡಿಯುವುದು. ಮೂಕಿ ಚಿತ್ರಗಳಲ್ಲಿ ನಟಿಸಿದ್ದರೆ ಅವರೂ ಜಗತ್ತು ತಿರುಗುತ್ತಿದ್ದರು, ನನಗೆ ಅನುಮಾನವೇ ಇಲ್ಲ.

ಪ್ರಶ್ನೆ: ನಾನು ಸರ್ಕಾರಿ ಶಾಲೆ ಶಿಕ್ಷಕಿ. ನಮ್ಮ ಮಕ್ಕಳು ಮನೆಯಲ್ಲಿ ತೆಲುಗು, ಶಾಲೆಯಲ್ಲಿ ಕನ್ನಡ. ಆರು, ಏಳನೇ ತರಗತಿಗೆ ಯಾವ ಚಿತ್ರ ತೋರಿಸಲಿ? ಅನುಮತಿ ಏನಾದರೂ ಬೇಕಾ? (ಬಾಗೇಪಲ್ಲಿ)

ಉತ್ತರ: ಮೇಡಂ, ನಿಮ್ಮ ಶಾಲೆಗೆ ಇದಕ್ಕಿಂತ ಒಳ್ಳೆ ಸಿನಿಮಾ ಇಲ್ಲ. ಪಾವಗಡದಲ್ಲಿ ನನ್ನ ಮುಂದೆ ಕೂತವರಲ್ಲಿ ಅರ್ಧ ಜನ ತೆಲುಗಿನವರು. ಯಾರೂ ಯಾರನ್ನೂ "ಏನಂದ?" ಅಂತ ಕೇಳಲಿಲ್ಲ.

ಮೊದಲು 'ಒನ್ ವೀಕ್' ಹಾಕಿ. ಹೊಸ ಜೋಡಿಗೆ ಉಡುಗೊರೆಯಾಗಿ ಪೆಟ್ಟಿಗೆಗಳಲ್ಲಿ ಬಿಡಿಬಿಡಿ ಮನೆ ಬರುತ್ತೆ. ಯಾರೋ ಹೊಟ್ಟೆಕಿಚ್ಚಿನವನು ಪೆಟ್ಟಿಗೆಯ ನಂಬರ್ ಬದಲಾಯಿಸುತ್ತಾನೆ. ಮನೆ ಸೊಟ್ಟಪಟ್ಟ ಆಗುತ್ತೆ, ಬಿರುಗಾಳಿಗೆ ಬುಗುರಿ ಥರ ತಿರುಗುತ್ತೆ. ನಿಜವಾಗಿ ತಿರುಗುವ ಕಟ್ಟೆ ಮೇಲೆ ಆ ಮನೆ ಕಟ್ಟಿದ್ದರು. ಕೊನೆಯಲ್ಲಿ ರೈಲು ಬರುವ ಜಾಗ ಇದೆ. ಅದನ್ನು ಮಕ್ಕಳಿಗೆ ಮೊದಲೇ ಹೇಳಬೇಡಿ. ಇನ್ನೊಂದು ದಿನ 1917ರ 'ದಿ ಇಮಿಗ್ರಂಟ್'. ಹೊಟ್ಟೆಪಾಡಿಗೆ ಹಡಗು ಹತ್ತಿ ಬೇರೆ ದೇಶಕ್ಕೆ ಹೋಗುವವರ ಕಥೆ. ಸ್ವಾತಂತ್ರ್ಯ ದೇವಿಯ ಪ್ರತಿಮೆ ಕಂಡ ಕೂಡಲೇ ಅಧಿಕಾರಿಗಳು ಅವರನ್ನೆಲ್ಲ ದನದ ಹಾಗೆ ಹಗ್ಗ ಹಾಕಿ ತಡೆಯುತ್ತಾರೆ. ಅಪ್ಪ ಅಮ್ಮ ಕೂಲಿಗೆ ಬೆಂಗಳೂರಿಗೆ ಹೋಗಿರುವ ಮಕ್ಕಳು ನಿಮ್ಮ ತರಗತಿಯಲ್ಲಿ ಇರುತ್ತಾರೆ. ಅವರಿಗೆ ನೀವು ಏನೂ ವಿವರಿಸಬೇಕಿಲ್ಲ. ಒಂದೊಂದೂ ಒಂದೊಂದು ಪೀರಿಯಡ್‌ನಲ್ಲಿ ಮುಗಿಯುತ್ತವೆ.

ಪರದೆ ಮೇಲೆ ಬರಹ ಬಂದಾಗ ಕನ್ನಡದಲ್ಲಿ ಒಮ್ಮೆ, ತೆಲುಗಿನಲ್ಲಿ ಒಮ್ಮೆ ನೀವೇ ಓದಿ ಹೇಳಿ. ಉಳಿದಂತೆ ಸುಮ್ಮನಿರಿ. ಇನ್ನೊಂದು ಎಚ್ಚರಿಕೆ: ಆ ಕಾಲದ ಕೆಲವು ಚಿತ್ರಗಳಲ್ಲಿ ಕಪ್ಪು ಜನರನ್ನು ಹೀಯಾಳಿಸುವ ದೃಶ್ಯಗಳಿವೆ. ಯಾವುದೇ ಚಿತ್ರವನ್ನು ಮೊದಲು ನೀವು ನೋಡಿ, ಆಮೇಲೆ ಮಕ್ಕಳಿಗೆ ಹಾಕಿ. ಹಕ್ಕಿನ ಬಗ್ಗೆ ಭಯ ಬೇಡ. ನಮ್ಮ ಕಾಯ್ದೆಯಲ್ಲಿ ಸಿನಿಮಾದ ಹಕ್ಕು ಇರುವುದು 60 ವರ್ಷ. ಇವು 100 ದಾಟಿವೆ. ಈಚೆಗೆ ಸೇರಿಸಿದ ಸಂಗೀತಕ್ಕೆ ಮಾತ್ರ ಬೇರೆ ಹಕ್ಕು ಇರಬಹುದು. ಅನುಮಾನ ಬಂದರೆ ಸದ್ದು ತೆಗೆದು, ಒಬ್ಬ ಹುಡುಗನ ಕೈಗೆ ತಮಟೆ ಕೊಡಿ. ಅದೇ ಚೆನ್ನ.

ಪ್ರಶ್ನೆ: ಈ ಹಳೇ ಚಿತ್ರಗಳೆಲ್ಲ ಉಳಿದಿವೆಯಾ? (ಕೋಲಾರ)

ಉತ್ತರ: ಇಲ್ಲ. ಆಗಿನ ಫಿಲ್ಮ್ ನೈಟ್ರೇಟಿನದು. ಹತ್ತಿಕೊಂಡರೆ ನೀರಿನೊಳಗೂ ಉರಿಯುತ್ತೆ. ಎಷ್ಟೋ ಗೋದಾಮು ಸುಟ್ಟವು. ಎಷ್ಟೋ ಪ್ರತಿಗಳನ್ನು ಬೆಳ್ಳಿ ತೆಗೆಯಲು ಕರಗಿಸಿದರು. ಅಮೆರಿಕದ ಮೂಕಿ ಕಾಲದ ದೊಡ್ಡ ಚಿತ್ರಗಳಲ್ಲಿ ನೂರಕ್ಕೆ ಸುಮಾರು 70 ಕಳೆದುಹೋಗಿವೆ ಅಂತ ಅಲ್ಲಿನ ರಾಷ್ಟ್ರೀಯ ಗ್ರಂಥಾಲಯ 2013ರಲ್ಲಿ ಲೆಕ್ಕ ಕೊಟ್ಟಿತು. ನಮ್ಮ ಮೊದಲ ಕನ್ನಡ ಟಾಕಿ 'ಸತಿ ಸುಲೋಚನ' ಬಂದದ್ದು 1934ರಲ್ಲಿ. ಅದೂ ಉಳಿದಿಲ್ಲ.

ಪ್ರಶ್ನೆ: ನಿಮ್ಮ ರೀಲು, ಪ್ರೊಜೆಕ್ಟರ್ ತಂದು ನಮ್ಮೂರ ಜಾತ್ರೆಯಲ್ಲಿ ತೋರಿಸ್ತೀರಾ? ಊಟ, ಬಸ್ ಚಾರ್ಜು ನಮ್ಮದು. (ಕೊರಟಗೆರೆ)

ಉತ್ತರ: ಕರೆದಿದ್ದಕ್ಕೆ ಸಂತೋಷ. ಪ್ರೊಜೆಕ್ಟರ್ ತರುತ್ತೇನೆ, ಆದರೆ ಲ್ಯಾಪ್ಟಾಪಿಗೆ ಜೋಡಿಸುವ ಈಗಿನದು. ರೀಲು ತರಲಾರೆ.

ಹೋದ ಬೇಸಿಗೆಯಲ್ಲಿ ಡಬ್ಬ ತೆಗೆದಾಗ ಘಾಟು ಹುಳಿ ವಾಸನೆ ಬಂತು, ವಿನಿಗರ್ ಥರ. ಅಸಿಟೇಟ್ ಫಿಲ್ಮ್ ಸಾಯಲು ಶುರುವಾದರೆ ಹಾಗೇ ವಾಸನೆ ಬರುತ್ತೆ. ಫಿಲ್ಮ್ ಕುಗ್ಗಿದೆ. ಅಂಚಿನ ತೂತುಗಳು ಈಗ ಪ್ರೊಜೆಕ್ಟರ್ ಚಕ್ರದ ಹಲ್ಲಿಗೆ ಸರಿಯಾಗಿ ಕೂರುವುದಿಲ್ಲ. ಓಡಿಸಿದರೆ ಹರಿಯುತ್ತೆ. ನಾನೇ ಹಾಕಿದ ಅಂಟುಗಳನ್ನು ಎಣಿಸಿದೆ, 23 ಇವೆ. ಅದರಲ್ಲಿ ಒಂದು ಸರಿಯಾಗಿ ಆ ತಲೆ ಅಲ್ಲಾಡಿಸುವ ಜಾಗದಲ್ಲೇ. ಆವತ್ತು ನಿಲ್ಲಿಸಿ ಹಿಂದಕ್ಕೆ ಸುತ್ತುವಾಗ ಅಲ್ಲೇ ಕಿತ್ತುಹೋಗಿತ್ತು. ಗ್ಯಾಸ್‌ಲೈಟ್ ಬೆಳಕಿನಲ್ಲಿ ಅಂಟಿಸಿ ಬಿಟ್ಟಿದ್ದೆ. ಎರಡು ಚೌಕ ಹೋಗಿವೆ, ಯಾರಿಗೂ ಗೊತ್ತಾಗಲಿಲ್ಲ.

ಚಿತ್ರವನ್ನು ನನ್ನ ಮೊಮ್ಮಗ ಲ್ಯಾಪ್‌ಟಾಪಿನಲ್ಲಿ ತರುತ್ತಾನೆ, ವೇಗ ಸರಿ ಇರುವ ಒಳ್ಳೆ ಪ್ರತಿ ಸಿಕ್ಕಿದೆ. ಪರದೆ ನಾನು ತರುತ್ತೇನೆ. ನೀವು ಎರಡು ಗಳ ನೆಟ್ಟಿರಿ, ಮುಂದೆ ಚಾಪೆ ಹಾಸಿರಿ, ಕುರ್ಚಿ ಹಿಂದಕ್ಕಿರಲಿ. ಪೇಟಿ ಬಾರಿಸುವವರು ನಿಮ್ಮಲ್ಲಿ ಯಾರಾದರೂ ಇದ್ದರೆ ಮುಂಚೆಯೇ ತಿಳಿಸಿ. ಅವರ ಜೊತೆ ಒಂದು ಸಲ ಕೂತು ಚಿತ್ರ ನೋಡಬೇಕು, ಗಡಿಯಾರ ಬಿಚ್ಚುವ ಕಡೆ ಪೇಟಿ ನಿಲ್ಲಿಸಬೇಕಾಗುತ್ತೆ.